ಆರು ತಾರಕ್ಕೆ ಒಂದು ಹಣ

ತಾರವೆಂಬ ಹಳೆಯ ಬೆಳ್ಳಿ ನಾಣ್ಯವನ್ನು ನಾನು ಮೊದಲ ಸಲ ಕೈಯಲ್ಲಿ ಹಿಡಿದದ್ದು ಧಾರವಾಡದಲ್ಲಲ್ಲ, ಕೆನಡಾದ ನ್ಯೂಮಾರ್ಕೆಟ್ ಎಂಬ ಊರಿನಲ್ಲಿ. ಧಾರವಾಡದಲ್ಲಿ ಇತಿಹಾಸದ ಎಂ.ಎ. ಓದುವಾಗ ವಿಜಯನಗರದ ನಾಣ್ಯಗಳ ಬಗ್ಗೆ ಪುಟಗಟ್ಟಲೆ ಬರೆದು ಒಳ್ಳೆಯ ಅಂಕ ಪಡೆದಿದ್ದೆ. ಆದರೆ ಅಲ್ಲಿ ನಮಗೆ ತೋರಿಸಿದ್ದು ಮಸುಕಾದ ಫೋಟೋ ಮಾತ್ರ. ನಿಜವಾದ ನಾಣ್ಯ ಗಾಜಿನ ಕಪಾಟಿನಲ್ಲಿ, ಕಪಾಟಿಗೆ ಬೀಗ, ಬೀಗದ ಕೈ ರಜೆಯ ಮೇಲಿದ್ದ ಯಾರದೋ ಕಿಸೆಯಲ್ಲಿ.

ತೊಂಬತ್ತರ ದಶಕದ ನಡುವಿನಲ್ಲಿ ನಾವು ಕೆನಡಾಕ್ಕೆ ಬಂದೆವು. ನನ್ನ ಗಂಡ ಲೇಥ್ ಮಷೀನಿನ ಕೆಲಸ ಬಲ್ಲವರು. ಊರ ಹೊರಗಿನ ಸಣ್ಣ ಕಾರ್ಖಾನೆಯೊಂದರಲ್ಲಿ ಅವರಿಗೆ ಬೇಗನೆ ಕೆಲಸ ಸಿಕ್ಕಿತು. ನನ್ನ ಎಂ.ಎ. ಯಾರಿಗೂ ಬೇಕಾಗಿರಲಿಲ್ಲ. ಒಂದು ವರ್ಷ ಬ್ರೆಡ್ಡಿನ ಕಾರ್ಖಾನೆಯಲ್ಲಿ ತಲೆಗೆ ಬಲೆಯ ಟೋಪಿ ಹಾಕಿಕೊಂಡು ಪ್ಯಾಕಿಂಗ್ ಮಾಡಿದೆ. ಆಮೇಲೊಂದು ದಿನ ಹಳೆಯ ಮೇನ್ ಸ್ಟ್ರೀಟಿನಲ್ಲಿ ನಡೆದು ಬರುವಾಗ, ನಾಣ್ಯ ಮತ್ತು ಅಂಚೆಚೀಟಿ ಮಾರುವ ಅಂಗಡಿಯೊಂದರ ಕಿಟಕಿಯಲ್ಲಿ ಕೆಲಸಕ್ಕೆ ಜನ ಬೇಕೆಂಬ ಚೀಟಿ ಕಂಡಿತು. ಯಜಮಾನರು ಎಪ್ಪತ್ತು ದಾಟಿದ ಬಿಳಿಯ ಮುದುಕರು. ಒಂದು ಡಬ್ಬಿ ತುಂಬ ಸೆಂಟುಗಳನ್ನು ಮುಂದೆ ಸುರಿದು, ಇಸವಿಯ ಪ್ರಕಾರ ಬೇರೆ ಮಾಡಿ ಎಂದರು. ಮಾಡಿದೆ. ಸೋಮವಾರ ಬನ್ನಿ ಎಂದರು. ನಾನು ಓದಿದ ವಿಷಯವನ್ನು ಹೇಳಿದಾಗ ಅವರು ಹೌದಾ ಎಂದಷ್ಟೇ ಅಂದು ಭೂತಗನ್ನಡಿ ಒರೆಸಿಕೊಂಡರು.

ಅಂಗಡಿ ಸೇರಿದ ಎರಡನೆಯ ಚಳಿಗಾಲದಲ್ಲಿ, ಹತ್ತಿರದ ಒಶಾವಾ ಊರಿನ ಮನೆಯೊಂದನ್ನು ಖಾಲಿ ಮಾಡುತ್ತಿದ್ದ ದಂಪತಿ ಒಂದು ರಟ್ಟಿನ ಪೆಟ್ಟಿಗೆ ತಂದು ಅಂಗಡಿಗೆ ಮಾರಿದರು. ತೀರಿಕೊಂಡ ಅವರ ಅಜ್ಜಿಯ ತಂದೆ ಬಹಳ ಹಿಂದೆ ಬಳ್ಳಾರಿ ಕಡೆ ರೈಲ್ವೆಯಲ್ಲಿ ಇದ್ದನಂತೆ. ಅಂಚೆಚೀಟಿಯ ಆಲ್ಬಂ, ನಿಂತುಹೋದ ಗಡಿಯಾರ, ಅವುಗಳ ಕೆಳಗೆ ಕೆಮ್ಮಿನ ಮಾತ್ರೆಯ ತಗಡಿನ ಡಬ್ಬಿ. ಡಬ್ಬಿ ತೆರೆದೆ. ಹಳದಿಯಾದ ಹತ್ತಿಯ ಮೇಲೆ ತೊಗರಿಬೇಳೆಯಷ್ಟಗಲದ ಬೆಳ್ಳಿಯ ಚೂರುಗಳು, ನೂರರ ಹತ್ತಿರ. ಒಂದನ್ನು ಕಿರುಬೆರಳ ಉಗುರಿನ ಮೇಲಿಟ್ಟು ಭೂತಗನ್ನಡಿಯಲ್ಲಿ ನೋಡಿದೆ. ಒಂದು ಬದಿಗೆ ಕಠಾರಿಯಂಥ ಗೆರೆ. ತಿರುವಿದರೆ ಅರ್ಧ ತುಂಡಾದ ಎರಡು ನಾಗರಿ ಅಕ್ಷರ. ನಾನು ಕನ್ನಡದಲ್ಲಿ ಏನೋ ಅಂದಿರಬೇಕು, ಯಜಮಾನರು ತಲೆಯೆತ್ತಿ ಏನಾಯಿತೆಂದು ಕೇಳಿದರು.

ಇದು ತಾರ, ಐನೂರು ಆರುನೂರು ವರ್ಷದ ಹಿಂದಿನ ದುಡ್ಡು ಎಂದು ಹೇಳಿದೆ. ವಿಜಯನಗರದಲ್ಲಿ ದೊಡ್ಡ ನಾಣ್ಯ ಚಿನ್ನದ ವರಾಹ. ಅದಕ್ಕಿಂತ ಚಿಕ್ಕದು, ಅದೂ ಚಿನ್ನದ್ದೇ, ಹಣ. ಆರು ತಾರ ಕೊಟ್ಟರೆ ಒಂದು ಹಣ. ತಾರದ ಕೆಳಗೆ ತಾಮ್ರದ ಬಿಲ್ಲೆಗಳು. ನಮ್ಮ ಭಾಷೆಯಲ್ಲಿ ಇವತ್ತಿಗೂ ದುಡ್ಡಿಗೆ ಹಣ ಎಂದೇ ಅನ್ನುತ್ತೇವೆ, ನಾಣ್ಯ ಹೋದರೂ ಹೆಸರು ಉಳಿದಿದೆ ಎಂದೆ. ಯಜಮಾನರು ಎಲ್ಲವನ್ನೂ ಸಮಾಧಾನದಿಂದ ಕೇಳಿ, ನನ್ನ ಉಗುರಿನ ಮೇಲಿದ್ದ ತಾರವನ್ನು ನೋಡಿ, "ಇಷ್ಟು ಸಣ್ಣದನ್ನು ದುಡ್ಡು ಅಂತ ಯಾರು ಬಳಸುತ್ತಾರೆ? ಕೆಮ್ಮಿದರೆ ಹಾರಿಹೋಗುತ್ತದೆ" ಎಂದರು. ದೇವಸ್ಥಾನದಲ್ಲಿ ಹರಕೆಗೆ ಹಾಕುವ ಬಿಲ್ಲೆ ಇರಬೇಕು ಅನ್ನುವುದು ಅವರ ಊಹೆ. ನಿಮ್ಮ ಹತ್ತು ಸೆಂಟಿನ ನಾಣ್ಯ ಐದು ಸೆಂಟಿನದಕ್ಕಿಂತ ಸಣ್ಣದಲ್ಲವೇ, ಗಾತ್ರಕ್ಕೂ ಬೆಲೆಗೂ ಏನು ಸಂಬಂಧ ಎಂದು ಕೇಳಿದೆ. ಅವರು ನಕ್ಕರು, ದಪ್ಪ ಕ್ಯಾಟಲಾಗನ್ನು ನನ್ನ ಕಡೆ ತಳ್ಳಿ ಇದರಲ್ಲಿ ತೋರಿಸಿ ಎಂದರು. ಆ ಕ್ಯಾಟಲಾಗಿನಲ್ಲಿ ಭಾರತ ಶುರುವಾಗುವುದೇ ಕಂಪನಿಯ ಕಾಲದ ಆಸುಪಾಸಿನಲ್ಲಿ. ತಾರ ಅದರಲ್ಲಿ ಹೇಗಿದ್ದೀತು? ಪುಸ್ತಕದಲ್ಲಿಲ್ಲ ಎಂದು ಅವರು ಮಾತು ಮುಗಿಸಿದರು. ಸಣ್ಣ ರಟ್ಟಿನ ಮೇಲೆ ‘ದೇವಸ್ಥಾನದ ಬಿಲ್ಲೆಗಳು, ಭಾರತ’ ಎಂದು ಬರೆದು, ಡಬ್ಬಿಯ ಪಕ್ಕ ನಿಲ್ಲಿಸಿದರು.

ನನಗೆ ಆ ರಟ್ಟು ದಿನಾ ಕಣ್ಣಿಗೆ ಚುಚ್ಚುತ್ತಿತ್ತು. ನನಗೆ ರಜೆಯಿದ್ದ ಶನಿವಾರಗಳಲ್ಲಿ ಬಸ್ಸು ಹಿಡಿದು ಟೊರಾಂಟೊದ ದೊಡ್ಡ ಲೈಬ್ರರಿಗೆ ಹೋಗತೊಡಗಿದೆ. ಎರಡು ತಿಂಗಳಲ್ಲಿ ನಾಲ್ಕು ಸಲ ಹೋಗಿರಬೇಕು. ಕೊನೆಗೆ ಒಂದು ಹಳೆಯ ಪುಸ್ತಕದಲ್ಲಿ, ಪರ್ಷಿಯಾದಿಂದ ವಿಜಯನಗರಕ್ಕೆ ಬಂದಿದ್ದ ಪ್ರವಾಸಿಯೊಬ್ಬ ಅಲ್ಲಿನ ನಾಣ್ಯಗಳನ್ನು ವಿವರಿಸುವ ಪುಟ ಸಿಕ್ಕಿತು. ಬೆಳ್ಳಿಯ ತಾರ, ಹಣದ ಆರನೆಯ ಒಂದು ಪಾಲು, ಎಲ್ಲ ಸ್ಪಷ್ಟವಾಗಿಯೇ ಇತ್ತು. ಅದರ ಜೆರಾಕ್ಸ್ ಮಾಡಿಸಿ, ಸಾಲಿನ ಕೆಳಗೆ ಕೆಂಪು ಗೆರೆ ಎಳೆದು ತಂದು ಕೊಟ್ಟೆ. ಯಜಮಾನರು ಕನ್ನಡಕ ಹಣೆಗೇರಿಸಿ ಎರಡು ಸಲ ಓದಿದರು. ಇಂಟರೆಸ್ಟಿಂಗ್ ಎಂದರು. ಹಾಳೆಯನ್ನು ಫೈಲಿನಲ್ಲಿಟ್ಟು, ರಟ್ಟನ್ನು ಎತ್ತಿಕೊಂಡು ಅದರ ಕೊನೆಗೆ ಇನ್ನೆರಡು ಪದ ಸೇರಿಸಿದರು. ‘ಅಥವಾ ನಾಣ್ಯಗಳು?’ ನಾಲ್ಕು ಶನಿವಾರಗಳಿಗೆ ನನಗೆ ಸಿಕ್ಕಿದ್ದು ಒಂದು ಪ್ರಶ್ನಾರ್ಥಕ ಚಿಹ್ನೆ.

ಮನೆಯಲ್ಲಿ ಗೊಣಗಿದೆ. ನನ್ನ ಗಂಡ ಊಟದ ತಟ್ಟೆಯಿಂದ ತಲೆ ಎತ್ತದೆ, "ಅವರ ಅಂಗಡಿ, ಅವರ ಬೋರ್ಡು. ನೀ ಯಾಕ ತಲಿ ಕೆಡಿಸ್ಕೋತಿ? ಶಿಫ್ಟ್ ಮುಗದ ಮ್ಯಾಲ ನಾ ಆ ಮಷೀನಿನ ಬಗ್ಗೆ ವಿಚಾರ ಮಾಡ್ತೇನೇನು?" ಎಂದರು. ಹನ್ನೊಂದು ವರ್ಷದ ಮಗಳು ತಾರದ ಲೆಕ್ಕವನ್ನೆಲ್ಲ ಕೇಳಿಸಿಕೊಂಡು, "ಸೋ ಇಟ್ಸ್ ಲೈಕ್ ಅ ಕ್ವಾರ್ಟರ್?" ಎಂದಳು. ಕ್ವಾರ್ಟರ್ ಅಂದರೆ ಇಲ್ಲಿಯ ಇಪ್ಪತ್ತೈದು ಸೆಂಟಿನ ನಾಣ್ಯ.

ಅದೇ ವರ್ಷ ಬೇಸಿಗೆಯ ಹೊತ್ತಿಗೆ, ಕೈಯಲ್ಲಿ ಆಭರಣ ಮಾಡಿ ಮಾರುವ ಹೆಂಗಸೊಬ್ಬಳು ಅಂಗಡಿಗೆ ಬಂದಳು. ಮೃದು ಮಾತಿನ, ಒಳ್ಳೆಯ ಹೆಂಗಸು. ಡಬ್ಬಿ ನೋಡಿದ್ದೇ ಅವಳ ಕಣ್ಣರಳಿತು. ದೇವಸ್ಥಾನದ ಬಿಲ್ಲೆ ಎಂಬ ಮಾತು ಅವಳಿಗೆ ಬಹಳ ಹಿಡಿಸಿತು, ಪ್ರಶ್ನಾರ್ಥಕ ಚಿಹ್ನೆಯನ್ನು ಅವಳು ಗಮನಿಸಲೇ ಇಲ್ಲ. ತೂತು ಕೊರೆದು ಕಿವಿಗೆ ಜೋತುಬಿಡುವ ಓಲೆ ಮಾಡುತ್ತಾಳಂತೆ, ಐವತ್ತು ಬೇಕಂತೆ. ಇವು ದುಡ್ಡು, ಗುಡಿಯದಲ್ಲ ಎಂದು ನಾನು ಹೇಳಿದೆ. ಅವಳು ನನ್ನ ಕೈ ಮುಟ್ಟಿ, ನಿಮ್ಮ ದೇಶದಲ್ಲಿ ಎಲ್ಲವೂ ಪವಿತ್ರವಲ್ಲವೇ ಎಂದಳು. ಯಜಮಾನರು ಒಪ್ಪಿಕೊಂಡರು. ಬಿರುಕಿಲ್ಲದ, ಚಪ್ಪಟೆಯಾದ, ಕೊರೆಯಲು ಅನುಕೂಲವಾದ ಐವತ್ತನ್ನು ಆರಿಸಿ ಇಡುವ ಕೆಲಸ ನನ್ನ ಪಾಲಿಗೆ ಬಂತು.

ನಾನು ಆರಿಸಿದೆ. ಇದನ್ನು ಹೇಳಿಕೊಳ್ಳಲು ಇಂದಿಗೂ ಕಷ್ಟವಾಗುತ್ತದೆ. ಆಗುವುದಿಲ್ಲ ಅಂದಿದ್ದರೆ ಯಜಮಾನರು ಕೆಲಸದಿಂದ ತೆಗೆಯುತ್ತಿರಲಿಲ್ಲ, ತಾವೇ ಕೂತು ಆರಿಸುತ್ತಿದ್ದರು. ಆದರೂ ಅನ್ನಲಿಲ್ಲ. ದೀಪದ ಕೆಳಗೆ ಒಂದೊಂದನ್ನೂ ಚಿಮಟದಲ್ಲಿ ಹಿಡಿದು ನೋಡಿದೆ. ಅಕ್ಷರ ಪೂರ್ತಿ ಓದಲಿಕ್ಕೆ ಬರುವ ಹನ್ನೊಂದನ್ನು ಬೇರೆ ಇಟ್ಟು, ಇವು ಕೊರೆದರೆ ಒಡೆಯುತ್ತವೆ ಎಂದು ಸುಳ್ಳು ಹೇಳಿದೆ. ಉಳಿದವುಗಳಲ್ಲಿ ಐವತ್ತನ್ನು ಕೊಟ್ಟೆ. ಒಂದು ತಿಂಗಳಾದ ಮೇಲೆ ಆ ಹೆಂಗಸು ಪ್ರೀತಿಯಿಂದ ಒಂದು ಜೊತೆ ಓಲೆ ತಂದು ನನಗೇ ಉಡುಗೊರೆ ಕೊಟ್ಟಳು. ತೂತು ಸರಿಯಾಗಿ ಕಠಾರಿಯ ಮೇಲೆಯೇ ಬಿದ್ದಿತ್ತು. ಥ್ಯಾಂಕ್ಸ್ ಹೇಳಿ ಬ್ಯಾಗಿಗೆ ಹಾಕಿಕೊಂಡೆ. ಬಸ್‌ಸ್ಟಾಪಿನವರೆಗೂ ಯಾರ ಮೇಲೆ ಸಿಟ್ಟಾಗಬೇಕೆಂದು ತಿಳಿಯದೆ ನಡೆದೆ.

ಬೇರೆ ಇಟ್ಟ ಹನ್ನೊಂದನ್ನಾದರೂ ನಮ್ಮವರು ಕೊಳ್ಳಲಿ, ಕನ್ನಡ ಕಲಿಯುವ ಮಕ್ಕಳಿಗೆ ತೋರಿಸಲು ಆಗುತ್ತದೆ ಎಂದು ನಮ್ಮ ಕನ್ನಡದವರ ಸಂಘದ ಸಮಿತಿಯವರೊಬ್ಬರಿಗೆ ಫೋನು ಮಾಡಿದೆ. ಅವರು ಬೆಂಗಳೂರಿನ ಸಾಫ್ಟ್‌ವೇರ್ ಎಂಜಿನಿಯರು, ಟೊರಾಂಟೊ ಹತ್ತಿರದ ಕ್ಲೈನ್‌ಬರ್ಗಿನಲ್ಲಿ ಹೊಸದಾಗಿ ದೊಡ್ಡ ಮನೆ ಕಟ್ಟಿಸಿದ್ದರು, ಹಳೆಯ ನಾಣ್ಯ ಕೂಡಿಡುವ ಹವ್ಯಾಸವಿದೆ ಎಂದು ಕೇಳಿದ್ದೆ. ಎಲ್ಲ ಕೇಳಿಸಿಕೊಂಡು ಅವರು, "ಮೇಡಂ, ವರಾಹ ಇದ್ರೆ ಹೇಳಿ, ನಾಳೆನೇ ಬಂದು ತಗೋತೀನಿ. ಈ ಬೆಳ್ಳಿ ಚೂರುಗಳನ್ನ ಇಟ್ಕೊಂಡು ಏನ್ ಮಾಡೋದು? ಶೋಕೇಸಲ್ಲಿ ಕಾಣೋದೂ ಇಲ್ಲ. ವಿಜಯನಗರ ಅಂದ್ರೆ ಗೋಲ್ಡ್ ಅಲ್ವಾ?" ಎಂದರು. ಜನ ದಿನಬಳಕೆಗೆ ವರಾಹ ತೆಗೆದುಕೊಂಡು ಹೋಗುತ್ತಿದ್ದರೇ, ಸಾಮಾನ್ಯರ ಕೈಯಲ್ಲಿ ಓಡಾಡಿದ್ದು ಈ ತಾರವೇ ಎಂದು ವಾದಿಸಿದೆ. ಅವರಿಗೆ ನನ್ನ ಉತ್ಸಾಹ ಇಷ್ಟವಾಯಿತಂತೆ. ನಾಣ್ಯ ಬೇಡ, ಆದರೆ ನವೆಂಬರಿನ ರಾಜ್ಯೋತ್ಸವದಲ್ಲಿ ಹತ್ತು ನಿಮಿಷ ಮಾತಾಡಿ ಎಂದರು.

ಹನ್ನೊಂದರಲ್ಲಿ ಒಂದನ್ನು ನಾನೇ ಕೊಂಡೆ. ಭಾಷಣವನ್ನು ಮೂರು ಸಲ ತಿದ್ದಿ ಬರೆದೆ. ಮಕ್ಕಳಿಗೆ ಕಾಗದದ ಹಣ, ಕಾಗದದ ತಾರ ಕತ್ತರಿಸಿ, ಸಣ್ಣ ಪೇಟೆಯ ಆಟವನ್ನೂ ಸಿದ್ಧಮಾಡಿಕೊಂಡೆ.

ಕಾರ್ಯಕ್ರಮ ಮಿಸ್ಸಿಸಾಗಾದ ಶಾಲೆಯೊಂದರ ಜಿಮ್ಮಿನಲ್ಲಿ, ಅಂದರೆ ಮಕ್ಕಳು ಆಡುವ ದೊಡ್ಡ ಹಾಲಿನಲ್ಲಿ. ಬೆಳಿಗ್ಗೆ ಶುರುವಾಗಬೇಕಾಗಿದ್ದು ಮಧ್ಯಾಹ್ನ ಶುರುವಾಯಿತು. ನೃತ್ಯಗಳು ಒಂದರ ಹಿಂದೊಂದು ಬಂದವು. ಊಟದ ವಾಸನೆ ಬರತೊಡಗಿದ ಮೇಲೆ ನನ್ನನ್ನು ಕರೆದರು. ಕ್ಲೈನ್‌ಬರ್ಗಿನವರು ಕಿವಿಯ ಬಳಿ ಬಂದು, "ಮೇಡಂ, ಮೂರು ನಿಮಿಷದಲ್ಲಿ ಮುಗಿಸಿಬಿಡಿ, ಪ್ಲೀಸ್" ಎಂದು ಹೇಳಿ, ಮೈಕಿನಲ್ಲಿ ‘ವಿಜಯನಗರದ ಚಿನ್ನದ ನಾಣ್ಯಗಳು’ ಎಂದು ಘೋಷಿಸಿದರು. ಪರದೆಯ ಮೇಲೆ ದೊಡ್ಡ ಹಳದಿ ವರಾಹದ ಚಿತ್ರ ಮೂಡಿತು. ಕಾಗದದ ಹಣ ನನ್ನ ಚೀಲದಲ್ಲೇ ಉಳಿಯಿತು. ಬೆಂಕಿಪೊಟ್ಟಣದಲ್ಲಿ ಹತ್ತಿಯ ಮೇಲಿಟ್ಟಿದ್ದ ತಾರವನ್ನು ಮುಂದಿನ ಸಾಲಿಗೆ ಕೊಟ್ಟು, ಒಬ್ಬರಿಂದೊಬ್ಬರಿಗೆ ದಾಟಿಸಿ ಎಂದು ಹೇಳಿ, ಇದು ಸಾಮಾನ್ಯರ ದುಡ್ಡಾಗಿತ್ತು ಎಂದು ಅವಸರದಲ್ಲಿ ನಾಲ್ಕು ಮಾತಾಡಿದೆ. ನಾನು ಕೆಳಗಿಳಿಯುವಷ್ಟರಲ್ಲಿ ಪೊಟ್ಟಣ ಮರಳಿ ಬಂತು. ಒಳಗೆ ಹತ್ತಿ ಮಾತ್ರ ಇತ್ತು.

ಮೂರನೆಯ ಸಾಲಿನಲ್ಲಿ ಯಾರೋ ಅಂಗೈಗೆ ಸುರಿದುಕೊಂಡು ನೋಡುವಾಗ ಬಿದ್ದುಹೋಯಿತಂತೆ. ಜನರೆಲ್ಲ ಊಟಕ್ಕೆ ಎದ್ದಿದ್ದರು. ಕುರ್ಚಿ ಸರಿಸುವ ಸದ್ದು, ಚಪ್ಪಲಿಗಳು. ರೇಷ್ಮೆ ಸೀರೆಯ ನೆರಿಗೆ ಎತ್ತಿ ಕಟ್ಟಿ ಮೊಣಕಾಲೂರಿ ನೆಲ ತಡಕತೊಡಗಿದೆ. ಕೆಲವರು ಬಗ್ಗಿ ನೋಡಿದಂತೆ ಮಾಡಿ ಹೋದರು. ಒಬ್ಬರು ಕಿವಿಯೋಲೆ ಬಿತ್ತೇ ಎಂದು ವಿಚಾರಿಸಿದರು. ಆ ಮಾತಿಗೆ ನನಗೆ ಅಳುವೇ ಬಂತು.

ಆಗ ಅರವತ್ತು ದಾಟಿದ ಒಬ್ಬ ಹೆಂಗಸು, ಇಳಕಲ್ ಸೀರೆಯ ಮೇಲೆ ದಪ್ಪ ಸ್ವೆಟರ್ ಹಾಕಿಕೊಂಡವರು, ಬಂದು ನನ್ನ ಪಕ್ಕದಲ್ಲಿ ಕೂತರು. ಬ್ರ್ಯಾಂಪ್ಟನ್ನಿನಲ್ಲಿ ಮಗಳ ಬಾಣಂತನಕ್ಕೆ ಬಂದಿದ್ದ ಗದಗಿನ ಅವ್ವ ಎಂದು ಆಮೇಲೆ ತಿಳಿಯಿತು. ಏನು ಹುಡುಕುತ್ತೀರಿ ಎಂದು ಕೇಳಿದರು. ರೊಕ್ಕ ಎಂದೆ. ಅವರು ತಮ್ಮ ನೀರಿನ ಬಾಟಲಿಯಿಂದ ಅಂಗೈ ಒದ್ದೆ ಮಾಡಿಕೊಂಡು, ನೆಲವನ್ನು ಒರೆಸದೆ, ಒಂದೊಂದು ಗೇಣಿಗೆ ಅಂಗೈ ಒತ್ತಿ ತೆಗೆಯುತ್ತ ಹೋದರು. ಆರೇಳು ನಿಮಿಷ ಆಗಿರಬೇಕು. ಕುರ್ಚಿಯ ಕಾಲಿನ ಹತ್ತಿರ ಒತ್ತಿ ಎತ್ತಿದಾಗ ಅಂಗೈಗೆ ತಾರ ಅಂಟಿಕೊಂಡು ಬಂತು.

ನಾನು ಥ್ಯಾಂಕ್ಸ್ ಹೇಳುವ ಮೊದಲೇ ಅವರು ಅದನ್ನು ತಿರುವಿ ನೋಡಿ, "ಇದಕ್ಕ ಬದನಿಕಾಯಿ ಎಷ್ಟು ಬರ್ತಿದ್ದವು?" ಎಂದರು.

ಆರು ತಾರಕ್ಕೆ ಒಂದು ಹಣ ಎಂದೆ.

"ಅದು ರೊಕ್ಕಕ್ಕ ರೊಕ್ಕ ಆತು. ನಾ ಕೇಳಿದ್ದು ಕಾಯಿಪಲ್ಲೆ."

ಗೊತ್ತಿಲ್ಲ ಎಂದು ಒಪ್ಪಿಕೊಂಡೆ.

"ಮತ್ತ ಅಲ್ಲೆ ಮ್ಯಾಲ ನಿಂತು ಏನ್ ಹೇಳಿದ್ರಿ?" ಎಂದರು. ಅದರಲ್ಲಿ ಕುಹಕವಿರಲಿಲ್ಲ. ಅವರಿಗೆ ನಿಜವಾಗಿಯೂ ತಿಳಿಯಬೇಕಾಗಿತ್ತು. ಗದಗಿನ ಸಂತೆಯಲ್ಲಿ ಮೂವತ್ತು ವರ್ಷ ಕಾಯಿಪಲ್ಯ ಮಾರಿದವರು ಅವರು.

ಅಲ್ಲಿಯವರೆಗೆ ತಾರದ ಬಗ್ಗೆ ಸರಿಯಾದ ಪ್ರಶ್ನೆ ಕೇಳಿದವರು ಅವರೊಬ್ಬರೇ. ಮತ್ತೆ ಲೈಬ್ರರಿಗೆ ಹೋಗಲು ಶುರುಮಾಡಿದೆ. ಶಾಸನಗಳ ಸಂಪುಟಗಳನ್ನು ತರಿಸಿ ಓದಿದೆ. ಮಗ್ಗಕ್ಕೆ ಇಷ್ಟು ತೆರಿಗೆ, ಗಾಣಕ್ಕೆ ಇಷ್ಟು, ವೀಳ್ಯದೆಲೆಯ ಹೇರಿಗೆ ಇಷ್ಟು, ಗುಡಿಯ ದೀಪಕ್ಕೆ ಇಷ್ಟು ಎಂದು ಕಲ್ಲಿನ ಮೇಲೆ ಕೆತ್ತಿಸಿದ್ದಾರೆ. ಒಂದು ಹಿಡಿ ಸೊಪ್ಪಿಗೆ ಹೆಂಗಸೊಬ್ಬಳು ಏನು ಕೊಟ್ಟಳು ಎಂದು ಎಲ್ಲಿಯೂ ಇಲ್ಲ. ಧಾರವಾಡದ ನನ್ನ ಹಳೆಯ ಪ್ರೊಫೆಸರಿಗೆ ಪತ್ರ ಬರೆದೆ. ಎರಡು ತಿಂಗಳಿಗೆ ಉತ್ತರ ಬಂತು. ವಸೂಲಿ ಮಾಡುವವರು ಕೆತ್ತಿಸಿದರು, ಕೊಳ್ಳುವವರು ಯಾಕೆ ಕೆತ್ತಿಸುತ್ತಾರೆ ಎಂದು ಬರೆದು, ಆರೋಗ್ಯ ನೋಡಿಕೊಳ್ಳಲು ಹೇಳಿದ್ದರು.

ಇನ್ನೂ ಮಗಳ ಮನೆಯಲ್ಲೇ ಇದ್ದ ಗದಗಿನ ಅವ್ವನಿಗೆ ಫೋನು ಮಾಡಿ ಇದನ್ನೆಲ್ಲ ಹೇಳಿದೆ. ಅವರು ಎಲ್ಲ ಕೇಳಿ, "ತಂಗಿ, ಬೆಳ್ಳಿ ತೊಗೊಂಡು ಪಲ್ಲೆ ಮಾರಾಕಿ ಏನ್ ಮಾಡ್ತಾಳ? ಚಿಲ್ಲರ ಹ್ಯಾಂಗ ಕೊಡ್ತಾಳ? ನಮ್ಮವ್ವ ಪಲ್ಲೆ ಕೊಟ್ಟು ಜೋಳ ತರ್ತಿದ್ಲು. ನಮ್ಮಂಥಾವರ ಕೈಯಾಗ ಇದು ವರ್ಷಕ್ಕ ಒಂದಾದ್ರೂ ಬಂದಿತ್ತೋ ಇಲ್ಲೋ" ಎಂದರು.

ನನಗೆ ಮೈ ಉರಿಯಿತು. ಹಾಗಲ್ಲ, ನಿಮಗೆ ಗೊತ್ತಿಲ್ಲ ಎಂದು ಫೋನು ಇಟ್ಟುಬಿಟ್ಟೆ. ಸಾಮಾನ್ಯರ ದುಡ್ಡು ಎಂದು ಕ್ಲೈನ್‌ಬರ್ಗಿನವರಿಗೆ, ಜಿಮ್ಮಿನ ತುಂಬ ಜನಕ್ಕೆ ಹೇಳಿದವಳು ನಾನು. ಯಾರ ಮಾತಿನ ಆಧಾರದ ಮೇಲೆ ಹೇಳಿದೆ ಎಂದು ಒಂದು ವಾರ ಹುಡುಕಿದೆ. ಆಧಾರವಿರಲಿಲ್ಲ. ಚಿನ್ನದ ಮಾತು ಕೇಳಿ ಬೇಸತ್ತು ನಾನೇ ಕಟ್ಟಿಕೊಂಡ ಮಾತು ಅದು. ತಾರ ಚಿನ್ನಕ್ಕಿಂತ ಕಡಿಮೆ ಬೆಲೆಯದು, ಅಷ್ಟು ಖಂಡಿತ. ಅದರ ಕೆಳಗೆ ತಾಮ್ರವಿತ್ತು, ತಾಮ್ರದ ಕೆಳಗೆ ಜೋಳವಿತ್ತು. ಎಂಟನೆಯ ದಿನ ಕ್ಷಮೆ ಕೇಳಲು ಫೋನು ಮಾಡಿದರೆ, ಅವರು ಹಿಂದಿನ ದಿನವೇ ಊರಿಗೆ ಹೊರಟುಹೋದರೆಂದು ಮಗಳು ಹೇಳಿದಳು.

ಎರಡು ಸಾವಿರದ ದಶಕದ ಆರಂಭದಲ್ಲಿ ಯಜಮಾನರ ಕಣ್ಣಿಗೆ ಪೊರೆ ಬಂತು, ಅಂಗಡಿ ಮುಚ್ಚುವುದೆಂದು ತೀರ್ಮಾನಿಸಿದರು. ಒಂದು ಸೋಮವಾರ ನಾನು ಕೆಲಸಕ್ಕೆ ಹೋದಾಗ ಅರ್ಧ ಅಂಗಡಿ ಖಾಲಿಯಾಗಿತ್ತು. ಭಾರತದ ಸಾಮಾನೆಲ್ಲವನ್ನೂ ಒಟ್ಟಿಗೆ ಬೇರೊಬ್ಬ ವ್ಯಾಪಾರಿಗೆ ಶನಿವಾರ ಕೊಟ್ಟುಬಿಟ್ಟಿದ್ದರು. ಉಳಿದಿದ್ದ ತಾರಗಳನ್ನು, ನಾನು ಬೇರೆ ಇಟ್ಟ ಹತ್ತನ್ನೂ ಸೇರಿಸಿ. ಒಳ್ಳೆಯ ಬೆಲೆ ಬಂತು, ನೀವು ಅವುಗಳನ್ನು ಅಷ್ಟು ಹೊಗಳಿದ್ದರಿಂದಲೇ ನಾನು ಗಟ್ಟಿಯಾಗಿ ಕೇಳಿದೆ ಎಂದು ಅವರು ಖುಷಿಯಿಂದ ಹೇಳಿದರು. ನನಗೂ ಖುಷಿಯಾಗುತ್ತದೆಂದು ಅವರು ನಂಬಿದ್ದರು. ಆ ಮುಖ ನೋಡಿ ಜಗಳವಾಡಲಾಗಲಿಲ್ಲ. ಒಂದು ಫೋನು ಮಾಡಿ ಕೇಳಬಾರದಿತ್ತೇ ಎಂದಷ್ಟೇ ಅಂದೆ. ಅವರಿಗೆ ಅದು ಹೊಳೆದೇ ಇರಲಿಲ್ಲ. ಅಂಗಡಿ ಮುಚ್ಚಿದ ಮೇಲೆ ನಾನು ಊರಿನ ಆಸ್ಪತ್ರೆಯಲ್ಲಿ ಹೆಸರು ನೋಂದಾಯಿಸುವ ಕೌಂಟರಿಗೆ ಸೇರಿದೆ.

ಕೆಲವು ವರ್ಷಗಳ ನಂತರ ಸಂಘದ ಸ್ಮರಣ ಸಂಚಿಕೆಗೆ ಲೇಖನ ಕೇಳಿದರು. ಸಂಪಾದಕರು ಅದೇ ಕ್ಲೈನ್‌ಬರ್ಗಿನವರು. ಈ ಸಲ ತಾರದ ಬಗ್ಗೆ ಗೊತ್ತಿರುವುದನ್ನು ಗೊತ್ತಿದೆ ಎಂದೂ, ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದೂ ಬರೆದೆ. ಒಂದು ತಾರಕ್ಕೆ ಏನು ಬರುತ್ತಿತ್ತು ಎಂಬುದು ತಿಳಿಯದು, ಅದು ಬಡವರ ಕೈಗೆ ಬರುತ್ತಿತ್ತೇ ಎಂಬುದೂ ಖಚಿತವಿಲ್ಲ ಎಂದು ಕೊನೆಯ ಪ್ಯಾರಾದಲ್ಲಿ ಸ್ಪಷ್ಟವಾಗಿ ಹೇಳಿದ್ದೆ. ಆ ವರ್ಷದ ರಾಜ್ಯೋತ್ಸವದಲ್ಲಿ ಸಂಚಿಕೆ ಕೈಗೆ ಬಂದಾಗ ಆ ಪ್ಯಾರಾ ಇರಲಿಲ್ಲ. ಅದರ ಜಾಗದಲ್ಲಿ, ಒಂದು ತಾರಕ್ಕೆ ಇಡೀ ಕುಟುಂಬ ಹೊಟ್ಟೆ ತುಂಬ ಊಟ ಮಾಡುತ್ತಿತ್ತು ಎಂಬ ಸಾಲಿತ್ತು. ಅಲ್ಲೇ ಸಂಪಾದಕರನ್ನು ಹುಡುಕಿಕೊಂಡು ಹೋಗಿ ಕೇಳಿದೆ.

"ಗೊತ್ತಿಲ್ಲ ಗೊತ್ತಿಲ್ಲ ಅಂತಾನೇ ಇತ್ತು ಮೇಡಂ ಕೊನೇಲಿ. ಓದೋರಿಗೆ ಒಂದು ಫೀಲ್ ಬರ್ಬೇಕಲ್ವಾ?" ಎಂದರು.

ನಾನು ಬಾಗಿಲ ಬಳಿ ಸಂಚಿಕೆಗಳನ್ನು ಜೋಡಿಸಿಟ್ಟಿದ್ದ ಮೇಜಿಗೆ ಹೋಗಿ ಕೂತು, ಪೆನ್ನು ತೆಗೆದು ಒಂದೊಂದೇ ಪ್ರತಿಯಲ್ಲಿ ಆ ಸಾಲನ್ನು ಹೊಡೆದುಹಾಕತೊಡಗಿದೆ. ನನ್ನ ಗಂಡ ಬಂದು ನೋಡಿದರು, ಬೇಡ ಅನ್ನಬಹುದೆಂದುಕೊಂಡೆ. ಅವರು ಪಕ್ಕದಲ್ಲಿ ಕೂತು ನನಗೆ ಪುಟ ತೆರೆದು ಕೊಡುತ್ತ ಹೋದರು. ನಲವತ್ತರ ಹತ್ತಿರ ಆಗಿತ್ತು. ಅಷ್ಟರಲ್ಲಿ ಸಮಿತಿಯ ಇನ್ನೊಬ್ಬರು ಬಂದು, ಪುಸ್ತಕ ಗಲೀಜಾಗುತ್ತದೆ ಎಂದು ವಿನಯದಿಂದ ಹೇಳಿ ಉಳಿದ ಕಟ್ಟುಗಳನ್ನು ಒಳಗೆ ತೆಗೆದುಕೊಂಡು ಹೋದರು.

ಆ ಸಾಲು ಈಗ ನಮ್ಮವರ ನಡುವೆ ನೆಲೆ ಊರಿದೆ. ಯಾರದೋ ಗೃಹಪ್ರವೇಶದಲ್ಲೋ ನಾಮಕರಣದಲ್ಲೋ ಊಟಕ್ಕೆ ಕೂತಾಗ, ಒಂದು ತಾರಕ್ಕೆ ಮನೆಮಂದಿಯೆಲ್ಲ ಉಣ್ಣುತ್ತಿದ್ದರಂತೆ ಎಂದು ನನಗೇ ಹೇಳುತ್ತಾರೆ. ಅಲ್ಲ, ಅದು ಯಾರಿಗೂ ಗೊತ್ತಿಲ್ಲ ಎನ್ನುತ್ತೇನೆ. ಅವರು ಮುಖ ಸಪ್ಪೆ ಮಾಡಿಕೊಂಡು ಪಲ್ಯ ಬಡಿಸಿಕೊಳ್ಳುತ್ತಾರೆ.